ಖಾಲಿ ಹಾಳೆಯ ಕೆಳಗಿನ ಸಹಿ

ಹೋದ ವಾರ ಹಳೇ ಟ್ರಂಕಿನ ತಳದಲ್ಲಿ ಕಾರ್ಬನ್ ಪೇಪರಿನ ಒಂದು ಪೊಟ್ಟಣ ಸಿಕ್ಕಿತು. ಬಿಚ್ಚಿದ ಕೂಡಲೇ ಆ ಮೇಣದಂಥ, ಎಣ್ಣೆಯಂಥ ವಾಸನೆ ಮೂಗಿಗೆ ಬಡಿಯಿತು. ಅದರ ಬೆನ್ನಿಗೇ ನಮ್ಮ ಎದುರುಮನೆಯ ಶಾಸಕರು ನೆನಪಾದರು... ಬೇಡವೆಂದರೂ ನೆನಪಾದರು.

ಎಪ್ಪತ್ತರ ದಶಕದ ಕೊನೆಯ ಮಾತು. ಹಗರಿಬೊಮ್ಮನಹಳ್ಳಿಯಲ್ಲಿ ನನ್ನದೊಂದು ಟೈಪಿಂಗ್ ಇನ್‌ಸ್ಟಿಟ್ಯೂಟ್ ಇತ್ತು. ಹೆಸರಷ್ಟೇ ದೊಡ್ಡದು, ಬಾಡಿಗೆಯ ಒಂದು ಕೋಣೆ, ಮೂರು ಮಷೀನು. ಎದುರುಮನೆಯವರು ಮೊದಲು ಹಳ್ಳಿ ಶಾಲೆಯ ಮಾಸ್ತರರು, ಆಮೇಲೆ ತಾಲ್ಲೂಕು ಬೋರ್ಡಿನ ಸದಸ್ಯರು, ಆಮೇಲೆ ಎಮ್ಮೆಲ್ಯೆ. ಎಮ್ಮೆಲ್ಯೆ ಆದ ಮೇಲೂ ಬೆಂಗಳೂರಿಗೆ ಹೋಗುತ್ತಿದ್ದುದು ಕೆಂಪು ಬಸ್ಸಿನಲ್ಲೇ. ಚೀಲದಲ್ಲಿ ಕಟಿರೊಟ್ಟಿ, ಶೇಂಗಾ ಚಟ್ನಿ. ಸದನದಲ್ಲಿ ಎದ್ದು ಭಾಷಣ ಹೊಡೆದವರಲ್ಲ. ಊರಿಗೆ ಬಂದರೆ ಮಾತ್ರ ಬೆಳಗಾಗುವುದರೊಳಗೆ ಕಟ್ಟೆಯ ಮೇಲೆ ಕೂತು ಜನರ ಅಹವಾಲು ಕೇಳುತ್ತಿದ್ದರು. ಹಡಗಲಿ, ಕೂಡ್ಲಿಗಿ ಕಡೆಯವರೂ ಬರುತ್ತಿದ್ದರು. ನಮ್ಮ ಕ್ಷೇತ್ರದವರಲ್ಲವೆಂದು ಯಾರನ್ನೂ ತಿರುಗಿಸಿ ಕಳಿಸಿದ್ದು ನಾನು ಕಾಣೆ.

ಅವರ ಸಂಕಟವೊಂದೇ. ಅಧಿವೇಶನ ಶುರುವಾದರೆ ವಾರಗಟ್ಟಲೆ ಬೆಂಗಳೂರಲ್ಲಿರಬೇಕು. ಶಿಫಾರಸು ಪತ್ರಕ್ಕಾಗಿ ನಡೆದು ಬಂದವರು ಬೀಗ ನೋಡಿ ವಾಪಸು ಹೋಗಬೇಕು. ಅದಕ್ಕೆ ಅವರು ಒಂದು ಉಪಾಯ ಮಾಡಿದರು. ತಮ್ಮ ಲೆಟರ್‌ಹೆಡ್ಡಿನ ಖಾಲಿ ಹಾಳೆಗಳ ಕೆಳಗೆ ಸಹಿ ಹಾಕಿ ನನ್ನ ಕೈಗೆ ಕೊಟ್ಟರು.

"ತಂಗೀ, ಬಂದವ್ರು ಬರೇ ಕೈಲೆ ಹೋಗಬಾರ್ದು. ಖರೇ ಗರಜು ಐತಿ ಅನ್ನಿಸಿದ್ರ ಟೈಪ್ ಮಾಡಿ ಕೊಟ್ಟುಬಿಡು" ಎಂದರು.

ಎಂಥ ಭೋಳೆ ಮನುಷ್ಯ! ನಾನೋ, ಅಬ್ಬಾ, ಅರ್ಧ ಎಮ್ಮೆಲ್ಯೆ ಆಗಿಬಿಟ್ಟೆ. ಆಸ್ಪತ್ರೆಗೆ ಒಂದು, ವಿಧವಾ ವೇತನಕ್ಕೆ ಒಂದು, ಬಸ್ಸು ನಿಲ್ಲಿಸಲು ಒಂದು. ಪತ್ರ ಕೊಡುವಾಗ ನನ್ನ ದನಿಯೇ ಬೇರೆಯಾಗುತ್ತಿತ್ತು. ಆದರೂ ಎರಡು ವರ್ಷ ಒಂದು ಹಾಳೆಯನ್ನೂ ನಾನು ಕೆಡಿಸಲಿಲ್ಲ. ಈ ಮಾತನ್ನು ಎಷ್ಟು ಸಲ ಹೇಳಿಕೊಂಡರೂ ಸಮಾಧಾನವಿಲ್ಲ...

ಪಕ್ಕದ ಹಳ್ಳಿಯ ಕೇರಿಯಲ್ಲಿ ಒಬ್ಬ ಹೆಣ್ಣುಮಗಳಿದ್ದಳು. ಅವಳ ಗಂಡ ಶಾಸಕರ ಚುನಾವಣೆ ಪ್ರಚಾರಕ್ಕೆಂದು ಹೋದವನು ಜೀಪು ಮಗುಚಿ ಸತ್ತಿದ್ದ. ಹೆಣದ ಮುಂದೆ, ಇಡೀ ಕೇರಿ ನಿಂತಿರುವಾಗ, ಶಾಸಕರು ಅವಳಿಗೆ ಮಾತು ಕೊಟ್ಟಿದ್ದರು: ಊರಲ್ಲಿ ಹುಡುಗಿಯರ ಹಾಸ್ಟೆಲ್ ಆದರೆ ಅಡುಗೆಯ ಕೆಲಸ ನಿನಗೇ ಎಂದು. ಹಾಸ್ಟೆಲ್ ಮಂಜೂರಾಗುವ ಹೊತ್ತಿಗೆ ಅವರು ಬೆಂಗಳೂರಿನ ಬಸ್ಸು ಹತ್ತುತ್ತಾ ನನಗೆ ಹೇಳಿಯೂ ಹೋದರು, "ಆರ್ಡರ್ ಬಂದ್ರ ಆಕಿ ಹೆಸರು ಬರದು ಕಳಸು, ಮರೀಬ್ಯಾಡ."

ಮರೆತಿದ್ದರೆ ಒಳ್ಳೆಯದಿತ್ತು. ನಾನು ಮರೆಯಲಿಲ್ಲ. ಆ ಹೊತ್ತಿಗೆ ಗಂಡ ಬಿಟ್ಟ ನನ್ನ ಅಕ್ಕ ಎರಡು ಮಕ್ಕಳನ್ನು ಕಟ್ಟಿಕೊಂಡು ಮನೆಗೆ ಬಂದು ಕೂತಿದ್ದಳು. ದಿನಾ ಅವಳ ಮುಖ ನೋಡುವುದು ಆಗುತ್ತಿರಲಿಲ್ಲ. ಕೇರಿಯವಳಿಗೆ ಮುಂದೆ ಎಲ್ಲಾದರೂ ಆದೀತು ಎಂದು ನನಗೆ ನಾನೇ ಹೇಳಿಕೊಂಡು, ಸಹಿಯ ಮೇಲಿನ ಖಾಲಿ ಜಾಗದಲ್ಲಿ ಅಕ್ಕನ ಹೆಸರು ಟೈಪ್ ಮಾಡಿ ಹಾಸ್ಟೆಲ್ ಕಚೇರಿಗೆ ಕಳಿಸಿದೆ. ಒಂದಕ್ಷರ ತಪ್ಪಲಿಲ್ಲ. ಇದ್ದದ್ದು ಒಂದೇ ಹುದ್ದೆ. ಹದಿನೈದು ದಿನದಲ್ಲಿ ಅಕ್ಕ ಕೆಲಸಕ್ಕೆ ಸೇರಿದಳು; ಶಾಸಕರೇ ಕೊಡಿಸಿದ್ದೆಂದು ಅವಳಿಗೆ ಹೇಳಿದೆ.

ಶಾಸಕರು ವಾಪಸು ಬಂದ ಮರುದಿನವೇ ಕೇರಿಯ ಜನ ಕಟ್ಟೆಯ ಮುಂದೆ ನೆರೆದರು. ಕಚೇರಿಯ ಜವಾನನಿಂದ ಆ ಪತ್ರವನ್ನೇ ಇಸಕೊಂಡು ತಂದಿದ್ದರು. ನಾನು ನಮ್ಮ ಬಾಗಿಲಲ್ಲಿ ನಿಂತಿದ್ದೆ. ಆ ಹೆಣ್ಣುಮಗಳು ಅಳಲಿಲ್ಲ. ಹಾಳೆಯನ್ನು ಅವರ ಮುಂದೆ ಹಿಡಿದು ಕೇಳಿದಳು:

"ಎಪ್ಪಾ, ಇದು ನಿನ್ನ ಸಹಿ ಹೌದೋ ಅಲ್ಲೋ, ಅಷ್ಟ ಹೇಳು."

ಅವರು ಪತ್ರ ಓದಿದರು. ತಲೆ ಎತ್ತಿ ಒಂದು ಸಲ ನನ್ನ ಕಡೆ ನೋಡಿದರು. ನಾನು ಅಂಗಳಕ್ಕೆ ಇಳಿದು ಹೇಳಬೇಕಿತ್ತು. ಹೊಸ್ತಿಲು ದಾಟಲಿಲ್ಲ.

"ಹೌದವ್ವಾ, ನಂದ ಸಹಿ" ಎಂದರು. "ನಾನ ಬರಕೊಟ್ಟೀನಿ. ತಪ್ಪಾತು."

ಜನ ಬೈಯಲಿಲ್ಲ, ಕೂಗಲಿಲ್ಲ. ಬಂದ ದಾರಿಯಲ್ಲೇ ತಿರುಗಿ ಹೋದರು. ಬೈದಿದ್ದರೆ ಚೆನ್ನಾಗಿತ್ತು.

ಸಂಜೆ ಅವರು ನಮ್ಮ ಮನೆಗೆ ಬಂದು ಉಳಿದ ಹಾಳೆಗಳನ್ನು ಕೇಳಿದರು. ಕೊಟ್ಟೆ. ಅಕ್ಕನನ್ನು ಬಿಡಿಸುತ್ತೇನೆ, ನಿಜ ಹೇಳುತ್ತೇನೆ ಎಂದು ತೊದಲಿದೆ. "ಸೇರಿದಾಕಿನ್ನ ಬಿಡಸೂದು ಬ್ಯಾಡ. ಆಕಿಗೂ ಮಕ್ಕಳದಾವ. ನೀ ಯಾರ ಮುಂದೂ ಬಾಯಿ ಬಿಡಬ್ಯಾಡ" ಎಂದರು. ಸಿಟ್ಟಿರಲಿಲ್ಲ; ದಣಿವಿತ್ತು. ಆ ಹೆಣ್ಣುಮಗಳಿಗೆ ಬೇರೆ ಕೆಲಸ ಕೊಡಿಸಲು ಅವರು ಹರಪನಹಳ್ಳಿ, ಬಳ್ಳಾರಿ ಎಂದು ಓಡಾಡಿದರು. ಏನೂ ಆಗಲಿಲ್ಲ. ಒಂದು ದಿನ ಅವಳು ದುಡಿಯಲೆಂದು ಊರು ಬಿಟ್ಟು ಹೋದಳೆಂದು ಯಾರೋ ಹೇಳಿದರು.

ಮುಂದಿನ ಚುನಾವಣೆಯಲ್ಲಿ ಆ ಕೇರಿಯಷ್ಟೇ ಅಲ್ಲ, ಸುತ್ತಲಿನ ಕೇರಿಗಳೂ ಅವರ ಕೈ ಬಿಟ್ಟವು. ಹೆಣದ ಮುಂದೆ ಕೊಟ್ಟ ಮಾತಿಗೆ ತಪ್ಪಿದವನೆಂಬ ಸುದ್ದಿ ಅವರಿಗಿಂತ ಮೊದಲೇ ಊರೂರು ಮುಟ್ಟಿತ್ತು. ಹೋದಲ್ಲೆಲ್ಲ ಕೈಮುಗಿದು ನಿಂತರಂತೆ, ಒಂದು ಕಡೆಯೂ ಸಬೂಬು ಹೇಳಲಿಲ್ಲವಂತೆ. ಸೋತರು. ಮತ್ತೆ ನಿಲ್ಲಲಿಲ್ಲ. ಕಟ್ಟೆಗೆ ಜನ ಬರುವುದು ನಿಂತಿತು. ಆದರೂ ದಿನಾ ಬೆಳಿಗ್ಗೆ ಅಂಗಿ ತೊಟ್ಟು ಅಲ್ಲಿ ಕೂರುತ್ತಿದ್ದರು... ನಾನು ಹಿಂದಿನ ಬಾಗಿಲಿಂದ ಓಡಾಡುವುದನ್ನು ಕಲಿತೆ. ಎಂಬತ್ತರ ದಶಕ ಮುಗಿಯುವುದರೊಳಗೆ ಅವರು ತೀರಿಕೊಂಡರು. ಮಣ್ಣಿಗೆ ಬಂದವರು ಬೆರಳೆಣಿಕೆಯಷ್ಟು ಜನ. ಅವರ ನಡುವೆ ನಿಂತು, ಈಗಲಾದರೂ ಹೇಳಿಬಿಡಲೇ ಎಂದು ಬಾಯಿ ತೆರೆದೆ. ಅಕ್ಕ ಪಕ್ಕದಲ್ಲೇ ನಿಂತಿದ್ದಳು. ಮುಚ್ಚಿದೆ.

ಅಕ್ಕನಿಗೆ ಈಗ ಎಂಬತ್ತರ ಹತ್ತಿರ. ಅಡುಗೆಯವಳಾಗಿಯೇ ನಿವೃತ್ತಿಯಾಗಿ ಪಿಂಚಣಿ ತಿನ್ನುತ್ತಿದ್ದಾಳೆ. ಮಕ್ಕಳು ಓದಿ ನೌಕರಿ ಹಿಡಿದರು. ನಿನ್ನೆ ಜಗಲಿಯ ಮೇಲೆ ಕೂತು ಅವರೆಕಾಯಿ ಸುಲಿಯುತ್ತಾ ಮೊಮ್ಮಗಳಿಗೆ ಶಾಸಕರ ಕತೆ ಹೇಳುತ್ತಿದ್ದಳು. ಈಗಿನವರ ಹಾಗಲ್ಲ, ಕೇಳದೇ ಕರೆದು ಕೆಲಸ ಕೊಟ್ಟ ಪುಣ್ಯಾತ್ಮ ಎಂದಳು. ಆಮೇಲೆ ನನ್ನ ಕಡೆ ತಿರುಗಿ, "ಜನ ಏನರ ಅನ್ಲಿ, ಒಂದ ದಿನಾನೂ ಮಾತು ತಪ್ಪಿದಾವಲ್ಲ ಆ ಮನಷಾ. ಹೌದಲ್ಲೇನ?" ಎಂದು ಕೇಳಿದಳು.

"ಹೌದಕ್ಕಾ," ಎಂದೆ. "ಅವ್ರು ತಪ್ಪಲಿಲ್ಲ."