ನಾಗವ್ವನ ಜಾಗ

ರಾಯಚೂರಿಗೆ ಬಂದ ಮೊದಲ ವಾರವೇ ನನ್ನ ಗಿಟಾರಿನ ಬೆನ್ನು ಸೀಳಿತು. ಮಧ್ಯಾಹ್ನ ಊಟ ಮುಗಿಸಿ ಫ್ಯಾನಿನ ಕೆಳಗೆ ಬರಿ ನೆಲದ ಮೇಲೆ ಮಲಗಿದ್ದೆ. ಮೂಲೆಯಲ್ಲಿ ಚಟ್ ಎಂದು ತೆಂಗಿನ ಗೆರಟೆ ಒಡೆದಂಥ ಸದ್ದು. ಎದ್ದು ನೋಡಿದರೆ, ಯಾರೂ ಮುಟ್ಟದೆ, ಎಲ್ಲಿಂದಲೂ ಬೀಳದೆ, ಗಿಟಾರು ತನ್ನಷ್ಟಕ್ಕೆ ತಾನೇ ಬಿರುಕು ಬಿಟ್ಟಿತ್ತು. ನಮ್ಮ ಗಂಗೊಳ್ಳಿಯಲ್ಲಿ ನಾನು ತಂತಿಯ ಚಿಂತೆ ಮಾಡಿದವಳೇ ಹೊರತು ಮರದ ಚಿಂತೆ ಮಾಡಿದವಳಲ್ಲ. ಉಪ್ಪುಗಾಳಿಗೆ ಅಲ್ಲಿ ತಂತಿ ಒಂದು ಮಳೆಗಾಲ ತಡೆಯುವುದಿಲ್ಲ. ಇಲ್ಲಿ ತಂತಿ ಹೊಸ ಸೂಜಿಯ ಹಾಗೆ ಹೊಳೆಯುತ್ತದೆ, ಮರ ಮಾತ್ರ ಒಳಗಿನ ಪಸೆಯನ್ನೆಲ್ಲ ಬಿಸಿಲಿಗೆ ಕೊಟ್ಟು ಬಾಯಿ ತೆರೆಯುತ್ತದೆ.

ಶಕ್ತಿನಗರದ ವಿದ್ಯುತ್ ಸ್ಥಾವರದಲ್ಲಿ ಬಾಯ್ಲರಿಗೆ ಹೋಗುವ ನೀರನ್ನು ಪರೀಕ್ಷಿಸುವುದು ನನ್ನ ಕೆಲಸ. ಮನೆ ಮಾಡಿದ್ದು ರಾಯಚೂರು ಪೇಟೆಯಲ್ಲಿ. ಮನೆ ತೋರಿಸಿದ ಮಾಲಕಿ ಮೊದಲೇ ಹೇಳಿದ್ದರು, ಈ ಊರಲ್ಲಿ ಬಾಡಿಗೆಗೆ ಮನೆ ಸಿಗುತ್ತದೆ, ನೆರಳು ಸಿಗುವುದಿಲ್ಲ ಎಂದು. ಬೆಳಗಿನ ತಿಂಡಿಗೆ ಒಗ್ಗರಣಿ ಕಳಿಸುತ್ತಿದ್ದರು. ಒಗ್ಗರಣಿ ಎಂದರೆ ನಮ್ಮಂತೆ ಸಾಸಿವೆ ಸಿಡಿಸುವುದಷ್ಟೇ ಅಲ್ಲ, ಮಂಡಕ್ಕಿಯನ್ನು ನೀರಲ್ಲಿ ತೋಯಿಸಿ ಹಿಂಡಿ, ಹಸಿಮೆಣಸು ಈರುಳ್ಳಿಯ ಜೊತೆ ಹುರಿದದ್ದು. ಪಕ್ಕಕ್ಕೊಂದು ಮಿರ್ಚಿ ಭಜಿ. ಸಂಜೆ ಕಡಲ ತಡಿಯಲ್ಲಿ ಕಾಲಹರಣಕ್ಕೆ ತಿನ್ನುವ ಚರುಮುರಿ ಇಲ್ಲಿ ಹೊಟ್ಟೆ ತುಂಬಿಸಿ ಕೆಲಸಕ್ಕೆ ಕಳಿಸುತ್ತದೆ. ಅದನ್ನು ನಾಲಿಗೆ ಬೇಗ ಒಪ್ಪಿಕೊಂಡಿತು. ಮೀನಿನ ವಿಷಯದಲ್ಲಿ ಮಾತ್ರ ಇವತ್ತಿಗೂ ಜಗಳವಿದೆ. ಕೃಷ್ಣೆಯ ಮೀನು ಚೆನ್ನಾಗಿಯೇ ಇರುತ್ತದೆ, ಆದರೆ ಅದಕ್ಕೆ ಉಪ್ಪಿನ ನೆನಪಿಲ್ಲ.

ಎಲ್ಲಕ್ಕಿಂತ ಕಾಡಿದ್ದು ಕಿವಿಯ ಒಂಟಿತನ. ಹುಟ್ಟಿದಾಗಿನಿಂದ ಕಡಲಿನ ಮೊರೆತವನ್ನು ಕೇಳಿ ಕೇಳಿ, ಅದು ಸದ್ದು ಎನ್ನುವುದೇ ಮರೆತುಹೋಗಿತ್ತು. ಇಲ್ಲಿ ಭಾನುವಾರ ಮಧ್ಯಾಹ್ನ ಬೀದಿ ಸುಮ್ಮನಾದರೆ, ಯಾವುದೋ ಯಂತ್ರ ಕೆಟ್ಟು ನಿಂತಿತೇನೋ ಎಂದು ಎದ್ದು ಕೂರುತ್ತಿದ್ದೆ.

ಗಿಟಾರು ರಿಪೇರಿಗೆ ಮಾನ್ವಿಯಲ್ಲಿ ಖಾಜಾ ಎಂಬ ಹುಡುಗನಿದ್ದಾನೆ ಎಂದು ಕಚೇರಿಯವರು ಹೇಳಿದರು. ಅವನು ಆಂಪ್ಲಿಫೈಯರಿನಿಂದ ಹಿಡಿದು ಭಜನೆಯವರ ಹಾರ್ಮೋನಿಯಂ ತನಕ ಎಲ್ಲವನ್ನೂ ಬಿಚ್ಚಿ ಕೂಡಿಸುತ್ತಾನೆ. ಗಿಟಾರನ್ನು ಮಗುವಿನ ಹಾಗೆ ಮಗುಚಿ ನೋಡಿ ಹೇಳಿದ.

"ಅಕ್ಕಾರ, ಇದಕ್ಕ ನೀರಡಿಕಿ ಆಗ್ಯಾದ್ರಿ."

ಪೆಟ್ಟಿಗೆಯಲ್ಲಿ ಒದ್ದೆ ಬಟ್ಟೆ ಇಡಬೇಕೆಂದು ಹೇಳಿಕೊಟ್ಟ. ಬಿರುಕಿಗೆ ಒಳಗಿನಿಂದ ತೆಳುವಾದ ಪಟ್ಟಿ ಕೂಡಿಸಿದ. ಆಮೇಲೆ ನಾನು ನುಡಿಸಿದ್ದನ್ನು ಕೇಳಿ, ತಮ್ಮ ಬ್ಯಾಂಡಿನಲ್ಲಿ ಬೇಸ್ ಗಿಟಾರಿನವನು ಹೈದರಾಬಾದಿಗೆ ಕೆಲಸಕ್ಕೆ ಹೋಗಿದ್ದಾನೆ, ಬರುತ್ತೀರಾ ಎಂದ. ಹೊಸ ಊರಲ್ಲಿ ಯಾರಾದರೂ ಬಾ ಎಂದರೆ ಸಾಕು ಎನ್ನುವ ದಿನಗಳು ಅವು. ಹೋದೆ.

ಬ್ಯಾಂಡಿನ ಹೆಸರು ಎಡದಂಡೆ, ಮಾನ್ವಿಯ ಗದ್ದೆಗಳಿಗೆ ನೀರು ತರುವ ಕಾಲುವೆಯದು. ಹಾಡುವವಳು ದೇವದುರ್ಗದ ಕಡೆಯ ಕುರಿ ಸಾಕುವ ಮನೆತನದ ರೇಣುಕಾ. ಡ್ರಮ್ ಬಾರಿಸುವವನು ಕಲ್ಮಲದ ಹನುಮೇಶ. ಅಭ್ಯಾಸ ನಡೆಯುವುದು ಖಾಜಾನ ಮಾವನ ಅಕ್ಕಿ ಗೋದಾಮಿನಲ್ಲಿ. ಸೂರಿನ ತನಕ ಒಟ್ಟಿದ ಚೀಲಗಳು ಪ್ರತಿಧ್ವನಿಯನ್ನು ನುಂಗಿಬಿಡುತ್ತವೆ. ಲಾರಿ ಬಂದು ಚೀಲ ಖಾಲಿಯಾದರೆ ಅದೇ ಹಾಡು ಬಾವಿಯೊಳಗೆ ಹಾಡಿದಂತೆ ಕೇಳಿಸುತ್ತದೆ. ಹಾಗಾಗಿ ನಮ್ಮ ರೆಕಾರ್ಡಿಂಗ್ ಯಾವಾಗ ಎಂದು ತೀರ್ಮಾನಿಸುವುದು ಅಕ್ಕಿಯ ಧಾರಣೆ.

ಸ್ವಂತ ಹಾಡು ಕಟ್ಟುವ ಬ್ಯಾಂಡಿಗೆ ಇಲ್ಲಿ ಕೆಂಪು ಹಾಸಿನ ಸ್ವಾಗತವೇನಿರಲಿಲ್ಲ. ಮೊದಲ ಕಾರ್ಯಕ್ರಮ ರಾಯಚೂರಿನ ಕಾಲೇಜೊಂದರ ವಾರ್ಷಿಕೋತ್ಸವ. ಸಿನಿಮಾ ಹಾಡು ಹಾಕ್ರಿ ಎಂದು ಹುಡುಗರು ಕೊನೆಯ ತನಕ ಕೂಗಿದರು. ನಮ್ಮ ಕಡೆ ಯಕ್ಷಗಾನದ ಪ್ರೇಕ್ಷಕರು ಮೆಚ್ಚದಿದ್ದರೆ ನಿದ್ದೆ ಮಾಡುತ್ತಾರೆ, ಇಲ್ಲಿಯವರು ಎದ್ದು ನಿಂತು ಹೇಳುತ್ತಾರೆ. ಎರಡನೆಯದೇ ವಾಸಿ ಎಂದು ಈಗ ಅನಿಸುತ್ತದೆ. ಆಮೇಲೊಂದು ದಿನ ದೇವದುರ್ಗದ ಬಸ್ಸಿನಲ್ಲಿ ಹತ್ತಿ ಬಿಡಿಸಲು ಹೊರಟಿದ್ದ ಹೆಂಗಸೊಬ್ಬರು ನಾವು ಕಾಲುವೆಯ ಮೇಲೆ ಕಟ್ಟಿದ್ದ ಹಾಡನ್ನು ಗುನುಗುತ್ತಿದ್ದರು. ರೇಣುಕಾ ನನ್ನ ತೊಡೆ ಚಿವುಟಿದಳು. ಇಬ್ಬರೂ ಕಿಟಕಿಯ ಕಡೆ ಮುಖ ಮಾಡಿ ಏನೂ ಗೊತ್ತಿಲ್ಲದವರಂತೆ ಕೂತೆವು.

ಮೊದಲ ಆಲ್ಬಮ್ಮಿಗೆ ತನ್ನ ಆಯಿಯ ದನಿ ಬೇಕೇ ಬೇಕೆಂದು ರೇಣುಕಾಳ ಹಟ. ಇಲ್ಲಿ ಅಜ್ಜಿಗೆ ಆಯಿ ಎನ್ನುತ್ತಾರೆ. ತಾಯಿ ಇಲ್ಲದ ರೇಣುಕಾಳನ್ನು ಬೆಳೆಸಿದವರು ಆಯಿ ಹುಲಿಗೆವ್ವ. ಅವಳಿಗೆ ಹಾಡು ಬಂದದ್ದೂ ಅವರ ಬಾಯಿಂದಲೇ. ಗೋದಾಮು ತುಂಬಿದ್ದ ಒಂದು ಭಾನುವಾರ ಕರೆತಂದೆವು. ಹೆಗಲ ಮೇಲಿನ ಕಂಬಳಿಯನ್ನು ಹಾಸಿ ಕೂತು, ಮೈಕನ್ನು ಅನುಮಾನದಿಂದ ನೋಡಿ, ಬೀಸುವ ಪದ ಹಾಡಿದರು.

ಹಳ್ಳದ ನೀರಿಗಿ ಹೆಸರೇನ ಕೇಳಿದರ
ದಾಟಿದೂರ ಹೆಸರ ಹೇಳತಾದ, ಅಕ್ಕಯ್ಯ
ನಿಂತೂರ ಹೆಸರ ಮರತಾದ

ಒಂದು ಸಾಲು ಹಾಡುವರು, ಸುಮ್ಮನಾಗುವರು, ತಲೆಯನ್ನು ಸ್ವಲ್ಪ ವಾಲಿಸಿ ಕೂತು, ಮತ್ತೆ ಮುಂದಿನ ಸಾಲು ಹಿಡಿಯುವರು. ವಯಸ್ಸಾಗಿದೆ, ಉಸಿರು ಸಾಲುವುದಿಲ್ಲ ಎಂದುಕೊಂಡೆವು. ಖಾಜಾ ಕಂಪ್ಯೂಟರಿನಲ್ಲಿ ಆ ಖಾಲಿ ಜಾಗಗಳನ್ನೆಲ್ಲ ಕತ್ತರಿಸಿ, ಸಾಲಿಗೆ ಸಾಲು ಕೂಡಿಸಿ, ಡ್ರಮ್ಮಿನ ತಾಳಕ್ಕೆ ಕೂರಿಸಿದ. ಹಾಡು ನೀರಿನಂತೆ ಹರಿಯಿತು. ನಮಗೆಲ್ಲ ಖುಷಿಯೋ ಖುಷಿ.

ರೇಣುಕಾ ಅದನ್ನು ಊರಿಗೆ ಒಯ್ದು ಆಯಿಗೆ ಕೇಳಿಸಿದಳು. ಆಯಿ ಪೂರ್ತಿ ಕೇಳಲಿಲ್ಲವಂತೆ. ಇದನ್ನು ಯಾರಿಗೂ ಕೇಳಿಸಬೇಡಿ ಎಂದು ಹೇಳಿ ಎದ್ದು ಒಳಗೆ ಹೋದರಂತೆ. ರೇಣುಕಾ ಗೋದಾಮಿಗೆ ಬಂದು ಇದನ್ನು ಹೇಳಿದಳು. ಆಯಿ ಇಲ್ಲದ ಆಲ್ಬಮ್ ತನಗೆ ಬೇಡ ಎಂದಳು. ಆಯಿ ಬೇಡವೆಂದ ಹಾಡನ್ನಂತೂ ಬಿಡುಗಡೆ ಮಾಡುವಂತಿಲ್ಲ.

"ಕೈಯಾಗ ಕತ್ತರಿ ಸಿಕ್ಕರ ಸಾಕು ನಿನಗ," ಎಂದು ಹನುಮೇಶ ಖಾಜಾನನ್ನು ತಿವಿದ.

"ತಾಳಕ್ಕ ಕೂಡ್ಲಿಲ್ಲಲೇ. ನೀನ ಅಂದಿ, ಜೋರ್ ಐತಿ ಅಂತ."

ಮುಂದಿನ ಭಾನುವಾರ ಎಲ್ಲರೂ ಆಯಿಯ ಮನೆಗೆ ಹೋದೆವು. ಮಜ್ಜಿಗೆ ಕೊಟ್ಟು ಕೂರಿಸಿದ ಮೇಲೆ ಆಯಿ ಕೋಪವಿಲ್ಲದೆ ಮಾತಾಡಿದರು. ಬೀಸುವ ಪದವನ್ನು ಒಬ್ಬಳೇ ಹಾಡುವುದಿಲ್ಲ. ಬೀಸುವ ಕಲ್ಲಿನ ಎರಡು ಬದಿಗೆ ಇಬ್ಬರು ಕೂರುತ್ತಾರೆ. ಒಬ್ಬಳು ಸಾಲು ಹಾಡಿದರೆ ಇನ್ನೊಬ್ಬಳು ಅದರ ಕೊನೆಯನ್ನು ಹಿಡಿದು ಮತ್ತೆ ಹಾಡುತ್ತಾಳೆ. ಸೊಲ್ಲೆತ್ತುವುದು ಎನ್ನುತ್ತಾರೆ ಅದಕ್ಕೆ. ಆಯಿಯ ಎದುರು ಸೊಲ್ಲೆತ್ತುತ್ತಿದ್ದವರು ಓಣಿಯ ನಾಗವ್ವ. ಹಿಟ್ಟಿನ ಗಿರಣಿ ಬಂದು ಕಲ್ಲು ಹಿತ್ತಿಲು ಸೇರಿದ ಮೇಲೂ ಇಬ್ಬರೂ ಸಂಜೆ ಕಟ್ಟೆಯ ಮೇಲೆ ಕೂತು ಹಾಡುತ್ತಿದ್ದರು. ಹೋದ ವರ್ಷ ನಾಗವ್ವ ತೀರಿಕೊಂಡರು.

"ನಾಗವ್ವ ಹೋಗ್ಯಾಳ, ಖರೇ," ಎಂದರು ಆಯಿ. "ಅಕಿ ಜಾಗ ಎಲ್ಲಿ ಹೋಗ್ಯಾದ? ಅದು ಅಲ್ಲೇ ಅದ. ನಾ ಒಂದು ಸೊಲ್ಲು ಅಂತೀನಿ, ಅಕಿ ಅಂತಾಳ, ಆಮ್ಯಾಲ ನಾ ಅಂತೀನಿ. ನೀವು ಅಕೀನ್ನ ಎಬ್ಬಿಸಿ ಕಳಿಸೀರಿ."

ಖಾಜಾ ಎರಡೂ ಕಿವಿ ಹಿಡಿದುಕೊಂಡು, ಕತ್ತರಿಸಿದ್ದನ್ನೆಲ್ಲ ಮತ್ತೆ ಕೂಡಿಸುತ್ತೇನೆ ಎಂದ. ಆಯಿ ನಕ್ಕರು. ಖಾಲಿ ಜಾಗದಲ್ಲಿ ನಾಗವ್ವ ತಮಗೆ ಕೇಳಿಸುತ್ತಾಳೆ, ಊರಿಗೆ ಹೇಗೆ ಕೇಳಿಸಬೇಕು ಎಂದರು. ಯಾರಾದರೂ ಸೊಲ್ಲೆತ್ತಬೇಕು. ರೇಣುಕಾ ಮುಂದೆ ಸರಿದಳು. ಆಯಿ ಅವಳ ಮೊಣಕಾಲು ತಟ್ಟಿ ತಡೆದರು.

"ನೀ ಬ್ಯಾಡ ಬೇ. ನೀ ಇಲ್ಲೇ ಹುಟ್ಟಿದಾಕಿ. ಈ ಕಲ್ಲಿಗಿ ಕುಂತವ್ರೆಲ್ಲ ಹೊರಗಿಂದ ಬಂದವ್ರು. ನಾ ಮಾನ್ವಿ ಕಡಿಯಾಕಿ, ನಾಗವ್ವ ಹೊಳಿ ಆಚಿಕಿನಾಕಿ. ತವರು ಬಿಟ್ಟು ಬಂದಾಕಿಗೇ ಈ ಪದ ತಿಳಿತದ."

ನಾನು ಲೋಟದ ತಳದ ಮಜ್ಜಿಗೆ ನೋಡುತ್ತಿದ್ದೆ. ತಲೆ ಎತ್ತಿದರೆ ಆಯಿ ನನ್ನನ್ನೇ ನೋಡುತ್ತಿದ್ದರು.

"ನೀ ಯಾ ಊರಾಕಿ ಯವ್ವಾ?"

ಸಮುದ್ರದ ದಂಡೆಯ ಊರು, ಬಸ್ಸು ಹತ್ತಿದರೆ ಮರುದಿನ ಮುಟ್ಟುತ್ತೇವೆ ಎಂದೆ.

"ಅಷ್ಟು ದೂರದಿಂದ ಬಂದೀ? ಹಂಗಾರ ಕುಂದ್ರು."

ಹನುಮೇಶನೂ ಖಾಜಾನೂ ಹಿತ್ತಿಲಿನಿಂದ ಕಲ್ಲು ಹೊತ್ತು ತಂದರು. ಕೋಳಿಗಳು ನೀರು ಕುಡಿಯುತ್ತಿದ್ದ ಮೇಲಿನ ತೂತನ್ನು ತೊಳೆದು ಒಣಗಿಸಿ ಜೋಳ ಹಾಕಿದೆವು. ನಾನು ಗೂಟ ಹಿಡಿದು ಜೋರಾಗಿ ಎಳೆದರೆ ಕಲ್ಲು ಮುನಿಸಿಕೊಂಡು ನಿಂತಿತು. ಜಗ್ಗಬೇಡ, ಅದು ತಿರುಗುವ ಕಡೆ ಜೊತೆಗೆ ಹೋಗು ಎಂದರು ಆಯಿ. ಅವರ ಕೈ ಗೂಟದ ಮೇಲೆ ನನ್ನ ಕೈಗೆ ತಾಗಿಕೊಂಡೇ ಇತ್ತು. ನಿಧಾನವಾಗಿ ಕಲ್ಲು ಲಯಕ್ಕೆ ಬಂತು. ಹೊಟ್ಟೆಯೊಳಗಿನಿಂದ ಬಂದಂಥ ಗುರುಗುರು ಸದ್ದು, ನಿಲ್ಲದ್ದು, ಏರಿ ಇಳಿಯುವಂಥದ್ದು. ಕಣ್ಣು ಮುಚ್ಚಿದೆ. ಈ ಊರಿಗೆ ಬಂದ ಮೇಲೆ ಮೊದಲ ಸಲ ನನ್ನ ಕಿವಿ ಒಂಟಿಯಾಗಿರಲಿಲ್ಲ.

ಆಯಿ ಹಾಡಿದರು, ಸುಮ್ಮನಾದರು. ನಾನು ಸೊಲ್ಲೆತ್ತಿದೆ. ಮೊದಲು ತಪ್ಪಿತು, ಅವರು ಕಲ್ಲು ನಿಲ್ಲಿಸಲಿಲ್ಲ. ಹಿಟ್ಟು ಸುತ್ತಲೂ ಚೆಲ್ಲುವ ಹೊತ್ತಿಗೆ ಕೂಡಿಬಂತು. ಖಾಜಾ ಮೈಕು ಹಿಡಿದೇ ಕೂತಿದ್ದ. ಆ ಹಾಡಿಗೆ ಡ್ರಮ್ಮೂ ಬೇಡ, ನನ್ನ ಬೇಸೂ ಬೇಡ, ಕಲ್ಲೇ ಸಾಕು ಎಂದು ಅಲ್ಲೇ ಒಪ್ಪಿದೆವು. ರೇಣುಕಾ ಬಾಗಿಲಿಗೆ ಒರಗಿ ಕೇಳುತ್ತಾ ನಿಂತಿದ್ದಳು.

ರೆಕಾರ್ಡಿಂಗನ್ನು ಆಯಿ ಈ ಸಲ ಪೂರ್ತಿ ಕೇಳಿದರು. ಸೊಲ್ಲೆತ್ತಿದ ದನಿ ನಮ್ಮದಲ್ಲ, ಜಾಗ ಮಾತ್ರ ನಮ್ಮದು, ಊರಿಗೆ ಕೇಳಿಸಿರಿ ಎಂದರು. ಆಲ್ಬಮ್ ಬಂತು. ಎರಡನೆಯ ದನಿ ಯಾರದು, ಈ ಕಡೆಯದಲ್ಲವಲ್ಲ ಎಂದು ಇಲ್ಲಿಯವರು ಈಗಲೂ ಕೇಳುತ್ತಾರೆ. ಗಂಗೊಳ್ಳಿಯಲ್ಲಿ ಅಮ್ಮ ಫೋನಿನಲ್ಲಿ ಮೂರ್ನಾಲ್ಕು ಸಲ ಕೇಳಿ, ನಿನ್ನ ಸ್ವರ ಎಲ್ಲಿದೆ ಎಂದಳು. ಎರಡನೆಯದು ಎಂದೆ. "ಅದ್ ಆ ಊರಿನವ್ರದ್ದಲ್ದಾ ಮಗಾ?" ಎಂದಳು.

ಈಗಲೂ ಭಾನುವಾರ ಬಿಡುವಾದರೆ ದೇವದುರ್ಗದ ಬಸ್ಸು ಹತ್ತುತ್ತೇನೆ. ಕಲ್ಲು ಮತ್ತೆ ಹಿತ್ತಿಲಿಗೆ ಹೋಗಿಲ್ಲ, ಪಡಸಾಲೆಯಲ್ಲೇ ಇದೆ. ಮೊನ್ನೆ ಬೀಸುತ್ತಿದ್ದಾಗ, ಮುಂದೊಂದು ದಿನ ನನಗೆ ವರ್ಗವಾಗಿ ಊರಿಗೆ ಮರಳಬಹುದು ಎಂದು ಆಯಿಗೆ ಮೆಲ್ಲಗೆ ಹೇಳಿದೆ. ಅವರು ಒಂದು ಹಿಡಿ ಜೋಳ ಹಾಕಿ ಕಲ್ಲನ್ನು ತಿರುಗಿಸುತ್ತಲೇ ಇದ್ದರು.

"ಹೋಗಿ ಬಾ ಯವ್ವಾ. ಹೋಗಾಗ ಹೇಳಿ ಹೋಗು. ನಾಗವ್ವನ ಜಾಗ ಬಿಟ್ಟಂಗ, ನಿಂದೂ ಬಿಟ್ಟು ಹಾಡ್ತೀನಿ."

ನನ್ನ ಸರದಿ ಬಂದಿತ್ತು. ಸೊಲ್ಲೆತ್ತಿದೆ.