ಅತ್ತಿಗೆ ಪರದೆಯಲ್ಲಿ ಆಡಿದ ಮಾತು

ನಮ್ಮ ಮೊಮ್ಮಗಳು ಇವತ್ತು ಬೆಳಿಗ್ಗೆ ರೇಡಿಯೋದಲ್ಲಿ ಕಥೆ ಹೇಳಿದಳು. ಇದನ್ನು ಹೊಟ್ಟೆಯಲ್ಲಿ ಇಟ್ಟುಕೊಳ್ಳಲು ನನ್ನಿಂದಾಗದು. ಕೊಪ್ಪದ ಪೇಟೆಯಲ್ಲಿ ಎದುರಾದವರಿಗೆಲ್ಲ ಹೇಳಿ ಬಂದೆ, ಬಳೆ ಅಂಗಡಿ ಸಾಹೇಬರಿಗೆ ಎರಡು ಸಲ. ಎರಡನೇ ಕ್ಲಾಸಿಗೇ ಶಾಲೆ ಬಿಟ್ಟವಳ ಮೊಮ್ಮಗಳು, ನೋಡಿ!

ಕಥೆ ಮುಗಿದ ಮೇಲೆ ರೇಡಿಯೋದವರು, ಯಾರು ಕಲಿಸಿದ್ದು ಪುಟ್ಟಿ ಎಂದು ಕೇಳಿದರು. ಇವಳು, "ನಮ್ಮ ದೊಡ್ಡಜ್ಜಿ. ಅವರು ಸಿನಿಮಾದಲ್ಲಿ ಮಾಡಿದಾರೆ" ಅಂದುಬಿಟ್ಟಳು. ಮನೆಯಲ್ಲಿ ನಲವತ್ತು ವರ್ಷ ಯಾರೂ ಎತ್ತದ ಮಾತು ಶೃಂಗೇರಿವರೆಗೂ ಕೇಳಿಸಿತು. ನಮ್ಮ ಯಜಮಾನರು ರೇಡಿಯೋ ಆರಿಸಿ, ಕಾಫಿಯನ್ನೂ ಕುಡಿಯದೆ ಅಂಗಡಿಗೆ ಹೋದರು.

ದೊಡ್ಡಜ್ಜಿ ಅಂದರೆ ಯಜಮಾನರ ಅಕ್ಕ, ನನಗೆ ಅತ್ತಿಗೆ. ಹುಡುಗಿಯಾಗಿದ್ದಾಗ ಬೆಂಗಳೂರಿನ ಸೋದರಮಾವನ ಮನೆಯಲ್ಲಿದ್ದರು. ಸಿನಿಮಾಕ್ಕೆ ಇನ್ನೂ ಮಾತು ಬಂದಿರದ ಕಾಲ. ಸೋದರಮಾವನೇ ಸೇರಿಸಿದರಂತೆ. ಮೂರು ಚಿತ್ರ ಆಗುವಷ್ಟರಲ್ಲಿ ಮಾತು ಬಂತು, ಹಾಡಲು ಬಾರದವರು ಬೇಡವಾದರು. ಅಲ್ಲಿಗೆ ಮುಗಿಯಿತು.

ಆಗಿನ ಟೆಂಟುಗಳಲ್ಲಿ ಪರದೆಯ ಪಕ್ಕ ಒಬ್ಬ ಕೋಲು ಹಿಡಿದು ನಿಂತು, ಚಿತ್ರದವರ ಮಾತನ್ನೆಲ್ಲ ತಾನೇ ಆಡುತ್ತಿದ್ದನಂತೆ. ಅತ್ತಿಗೆಯ ಚಿತ್ರ ನರಸಿಂಹರಾಜಪುರಕ್ಕೆ ಬಂದಾಗ ಅವರ ಅಪ್ಪ, ಅಂದರೆ ನಮ್ಮ ಮಾವಯ್ಯ, ಹೊಸ ಕೋಟು ತೊಟ್ಟು ಹೋದರು. ಪರದೆಯಲ್ಲಿ ಅತ್ತಿಗೆ ಬಾಯಾಡಿಸಿದಾಗ ಕೋಲಿನವನು ಚಪ್ಪಾಳೆಯ ಆಸೆಗೆ, "ಅಪ್ಪ ಸತ್ತರೂ ಸರಿ, ನಿನ್ನ ಹಿಂದೆ ಓಡಿ ಬತ್ತೆ" ಎಂದು ಹೆಣ್ಣುದನಿ ತೆಗೆದ. ಇಡೀ ಟೆಂಟು ತಿರುಗಿ ಮಾವಯ್ಯನ ಮುಖ ನೋಡಿ ನಕ್ಕಿತು. ಮಗಳು ಮರಳಿದಾಗ ಅವರು ಬಾಗಿಲು ತೆರೆದರು, ಊಟದ ಪಂಕ್ತಿಗೆ ಸೇರಿಸಲಿಲ್ಲ. ಮಾವಯ್ಯ ತೀರಿಕೊಂಡ ಮೇಲೆ ನಮ್ಮ ಯಜಮಾನರೂ ಅದನ್ನೇ ನಡೆಸಿದರು. ಎಲ್ಲರೂ ಉಂಡೆದ್ದ ಮೇಲೆ ಒಲೆಯ ಪಕ್ಕ ಅತ್ತಿಗೆಯದೊಂದು ತಟ್ಟೆ. ನಾನು ಮದುವೆಯಾಗಿ ಬಂದಾಗಿನಿಂದ ಕಂಡದ್ದು ಇಷ್ಟೇ.

ಒಮ್ಮೆ ಪಾತ್ರೆ ತಿಕ್ಕುವಾಗ ಕೇಳಿದೆ, ನಿಜಕ್ಕೂ ಆಗ ಎಂತ ಹೇಳಿದಿರಿ ಎಂದು.

"ಸುಮ್ನೆ ಬಾಯಾಡ್ಸು ಅಂದಿದ್ರು. ಅಪ್ಪಯ್ಯ, ಬಂದು ಕರ್ಕಂಡು ಹೋಗು, ಕರ್ಕಂಡು ಹೋಗು ಅಂತಿದ್ದೆ. ಎದುರಿಗೇ ಕೂತಿದ್ರಂತಲ್ಲೇ ಅಪ್ಪಯ್ಯ."

ಅದನ್ನು ಯಜಮಾನರಿಗೆ ಹೇಳಿದ್ದೆ. ಯಾರಿಗೆ ಗೊತ್ತು ಅಂದಿದ್ದರು. ಪರದೆ ಪಕ್ಕದವನ ಮಾತನ್ನು ನಂಬಿದವರಿಗೆ ಒಡಹುಟ್ಟಿದವಳ ಮಾತಿಗೆ ಸಾಕ್ಷಿ ಬೇಕಾಯಿತು, ನೀವೇ ಹೇಳಿ.

ಸಂಜೆ ಮೊಮ್ಮಗಳಿಗೆಂದು ಪಾಯಸ ಮಾಡಿ ಎಲೆ ಹಾಕಿದೆ. ಅವಳು ಕೂರಲೊಲ್ಲಳು, ದೊಡ್ಡಜ್ಜಿಯ ಎಲೆ ಎಲ್ಲಿ ಎಂದು ಒಂದೇ ಹಟ. ಯಜಮಾನರು ತಮ್ಮ ಎಲೆಯನ್ನು ಸರಿಸಿ, ಪಂಕ್ತಿಯ ಮೊದಲಿಗೆ ಜಾಗ ಮಾಡಿದರು.

"ಅಕ್ಕ, ಬಾ."

"ನೀ ಕರೆಯೋ ಹೊತ್ತಿಗೆ ಹಲ್ಲೇ ಉಳಿದಿಲ್ಲ ಮಾರಾಯ," ಅಂದರು ಅತ್ತಿಗೆ ಒಲೆಯ ಪಕ್ಕದಿಂದ. "ಕಾಯ್ಬೇಕಾಗ್ತದೆ."

ಬಂದು ಕೂತರು. ಪಾತ್ರೆಗಳನ್ನು ನಡುವೆ ಇಟ್ಟುಕೊಂಡು ನಾನೂ ಸೊಸೆಯೂ ಕೂತೆವು. ಪಂಕ್ತಿಯಲ್ಲಿ ಹಿರಿಯರು ಏಳುವ ತನಕ ಯಾರೂ ಏಳುವಂತಿಲ್ಲ. ಅತ್ತಿಗೆ ಒಂದೊಂದೇ ಅಗುಳನ್ನು ವಸಡಿನಲ್ಲಿ ಅರೆಯುತ್ತಿದ್ದರು. ಉಂಡ ಕ್ಷಣ ಕೈ ತೊಳೆಯಲು ಓಡುವ ನಮ್ಮ ಯಜಮಾನರ ಕೈಮೇಲೆ ಮಜ್ಜಿಗೆ ಒಣಗಿ ಬೆಳ್ಳಗಾಯಿತು. ಅವರು ಅಲ್ಲಾಡಲಿಲ್ಲ.

"ಇನ್ನೊಂಚೂರು ಪಾಯಸ ಹಾಕೇ," ಅಂದರು ಅತ್ತಿಗೆ, ತಮ್ಮನನ್ನೇ ನೋಡುತ್ತ.

ಎರಡು ಸೌಟು ಹಾಕಿದೆ.