ಮುಟ್ಟಿನ ದಿನ ಬಿತ್ತಿದ ಕಡಲೆ

ನಮ್ಮ ಅತ್ತೆ ಒಂದು ದಿನವೂ ಲಿಂಗಪೂಜೆ ತಪ್ಪಿಸಿದವರಲ್ಲ, ನನಗೂ ತಪ್ಪಿಸಲು ಬಿಟ್ಟವರಲ್ಲ. ಮದುವೆಯಾಗಿ ಇಳಕಲ್ಲಿಗೆ ಬಂದ ಮೊದಲ ತಿಂಗಳು, ಮುಟ್ಟಾಗಿದ್ದೇನೆಂದು ನಾನು ಮೂಲೆ ಹಿಡಿದು ಕುಳಿತಾಗ ಅವರೇ ಬಂದು ಎಬ್ಬಿಸಿದರು. "ಲಿಂಗ ಕಟ್ಟಿದಾಕಿಗೆ ಎಲ್ಲೀ ಸೂತಕ ಯವ್ವಾ? ಏಳು, ಜಳಕಾ ಮಾಡಿ ಪೂಜಿ ಮಾಡ್ಕೊ." ತವರುಮನೆ ಗುಡೂರಿನಲ್ಲಿ ತಿಂಗಳಿಗೆ ಮೂರು ದಿನ ಪಡಸಾಲೆ ದಾಟಿ ಒಳಗೆ ಬಾರದೆ ಬೆಳೆದವಳು ನಾನು. ಎಂಥ ಅತ್ತೆ ಸಿಕ್ಕರಲ್ಲ ಎಂದು ಹಿಗ್ಗಿಹೋದೆ.

ಹಿಗ್ಗು ಅದೇ ಸಂಜೆ ಇಳಿಯಿತು. ಹಿತ್ತಲಲ್ಲಿ ಮೆಂತ್ಯೆ ಕೀಳಲು ಬಗ್ಗಿದ್ದೆ. "ಅದಕ್ಕ ಕೈ ಹಚ್ಚಬ್ಯಾಡ, ಗಿಡ ಒಣಗ್ತಾವ" ಎಂದರು. ಆ ದಿನಗಳಲ್ಲಿ ಅಡುಗೆ ಮಾಡಬಹುದು, ಪೂಜೆ ಮಾಡಬಹುದು. ಉಪ್ಪಿನಕಾಯಿ ಭರಣಿ ಮತ್ತು ಹಿತ್ತಲ ಗಿಡ, ಇವೆರಡನ್ನು ಮಾತ್ರ ಮುಟ್ಟುವಂತಿಲ್ಲ. ದೇವರಿಗೆ ತಟ್ಟದ ಮೈಲಿಗೆ ಮೆಂತ್ಯೆಗೆ ಹೇಗೆ ತಟ್ಟುತ್ತದೆ ಎಂದು ಕೇಳಲು ಹೊಸ ಸೊಸೆಗೆ ಬಾಯಿ ಇರಲಿಲ್ಲ. ಬಾಯಿ ಬರಲು ವರ್ಷಗಳೇ ಬೇಕಾದವು. ಬಂದದ್ದು ಕಡಲೆಯ ದೆಸೆಯಿಂದ.

ಹೋದ ವರ್ಷ ದಸರೆ ಮುಗಿದ ಮೇಲೆ ಒಂದು ಒಳ್ಳೆಯ ಮಳೆ ಬಿದ್ದು ನೆಲ ಹದಕ್ಕೆ ಬಂದಿತ್ತು. ನಮ್ಮ ಹಿತ್ತಲದ್ದು ಎರೆಮಣ್ಣು. ಮನೆ ಕಟ್ಟುವಾಗ ಪಾಯ ನಿಲ್ಲುವುದಿಲ್ಲವೆಂದು ಗೌಂಡಿ ಬೈದುಕೊಂಡ ಮಣ್ಣು, ಕಡಲೆಗೆ ಅದೇ ಬಂಗಾರ. ಬದನೆ ಮುಗಿದ ಜಾಗದಲ್ಲಿ ಕಡಲೆ ಹಾಕುತ್ತೇನೆ ಎಂದಾಗ ನನ್ನ ಯಜಮಾನರು "ಎಲ್ಲಾ ಬಿಟ್ಟ ಮಗ ಭಂಗಿ ನೆಟ್ಟ" ಎಂದು ನಕ್ಕರು. ಸಂತೆಯಲ್ಲಿ ಸಿಗುವ ಕಡಲೆಗೆ ಇಷ್ಟು ಮೈ ಮುರಿದುಕೊಳ್ಳುವುದು ಯಾಕೆ ಎಂಬುದು ಅವರ ವಾದ. ನನಗಿದ್ದದ್ದು ಕುಡಿಯ ಆಸೆ. ಆಗಷ್ಟೇ ಚಿವುಟಿದ ಎಳೆ ಕುಡಿಯ ಪಲ್ಯ ಯಾವ ಸಂತೆಯಲ್ಲೂ ಸಿಗುವುದಿಲ್ಲ.

ಮೊದಲ ಜಗಳ ಗೊಬ್ಬರಕ್ಕೇ ಆಯಿತು. ಕಡಲೆಗೆ ಹೆಚ್ಚು ಉಣಿಸಿದರೆ ಬರೀ ಸೊಪ್ಪು ಬೆಳೆದು ಕಾಯಿ ಕಟ್ಟುವುದಿಲ್ಲ, ಚೆನ್ನಾಗಿ ಕಳಿತ ತಿಪ್ಪೆಗೊಬ್ಬರ ಎರಡು ಪುಟ್ಟಿ ಸಾಕು ಎಂದೆ. "ಉಂಡರಲ್ಲೇನ ದುಡಿಯೂದು?" ಎಂದ ಅತ್ತೆ, ಪಕ್ಕದ ಮನೆಯ ಎಮ್ಮೆಯ ಹಸಿ ಸಗಣಿ ತರಿಸಿ ಬಚ್ಚಲ ಕಡೆಯ ಮೂಲೆಗೆ ಸುರುವಿಸಿಯೇ ಬಿಟ್ಟರು.

ಬಿತ್ತುವ ದಿನ ಬೆಳಿಗ್ಗೆ ಬೆಲ್ಲದ ನೀರು ಕುದಿಸಿ, ಆರಿಸಿ, ಬೀಜಕ್ಕೆ ಚಿಮುಕಿಸಿದೆ. ಅದರ ಮೇಲೆ ರೈತ ಸಂಪರ್ಕ ಕೇಂದ್ರದಿಂದ ತಂದ ಜೀವಾಣು ಗೊಬ್ಬರ ಹಚ್ಚಿದೆ. ನೋಡಲು ಕರಿಯ ಪುಡಿ, ಒಳಗಿರುವುದು ಕಣ್ಣಿಗೆ ಕಾಣದ ಜೀವ. ಅದು ಬೇರಿನಲ್ಲಿ ಗಂಟು ಕಟ್ಟಿ, ಗಾಳಿಯಿಂದಲೇ ಗಿಡಕ್ಕೆ ಸಾರ ಎಳೆದು ಕೊಡುತ್ತದೆ, ಯೂರಿಯಾ ಬೇಕಾಗುವುದಿಲ್ಲ. ಆದರೆ ಹಚ್ಚಿದ ಬೀಜವನ್ನು ನೆರಳಲ್ಲಿ ಆರಿಸಿ ಅಂದೇ ಬಿತ್ತಬೇಕು. ಹಳೆಯ ಸೀರೆಯ ಮೇಲೆ ಬೀಜ ಹರವಿ ಬಚ್ಚಲಿಗೆ ಹೋದೆ. ಮುಟ್ಟಾಗಿತ್ತು.

ಯಾರಿಗೂ ಹೇಳದೆ ಇರಬಹುದಿತ್ತು. ಕದ್ದು ಮಾಡುವಂಥದ್ದು ಏನಿದೆ ಎಂದು ಅತ್ತೆಗೆ ಹೇಳಿಬಿಟ್ಟೆ.

"ಹಂಗಾರ ಮೂರು ದಿನ ಬಿಟ್ಟು ಹಾಕಿದರಾತು."

"ಅಷ್ಟರಾಗ ಜೀವಾಣು ಸಾಯ್ತಾವ್ರಿ ಅತ್ತಿ."

"ಸಾಯಲಿ. ನೀ ಮುಟ್ಟಿ ಗಿಡ ಸಾಯೂದಕ್ಕಿಂತ ಚಲೋ."

ಹಾವೂ ಸಾಯಬಾರದು, ಕೋಲೂ ಮುರಿಯಬಾರದು ಎನ್ನುವ ಯಜಮಾನರು ಲುಂಗಿ ಎತ್ತಿ ಕಟ್ಟಿಕೊಂಡು ಬಂದರು. "ತಾ ಇಲ್ಲಿ, ನಾ ಹಾಕ್ತೇನಿ. ಗದ್ದಲ ಯಾಕ?"

ಕೊಟ್ಟಿದ್ದರೆ ಬೀಜ ನೆಲ ಸೇರುತ್ತಿತ್ತು, ಮನೆಯೂ ತಣ್ಣಗಿರುತ್ತಿತ್ತು. ನನ್ನ ಕೈ ಮಾತ್ರ ಸಾಯುವವರೆಗೂ ಗಿಡ ಒಣಗಿಸುವ ಕೈಯಾಗಿಯೇ ಉಳಿಯುತ್ತಿತ್ತು. ಸೀರೆಯ ಮೇಲಿನ ಬೀಜವನ್ನು ಬೋಗುಣಿಗೆ ಬಾಚಿಕೊಂಡೆ.

"ಈ ಕೈಲೇನ ಲಿಂಗಾ ಹಿಡಿ ಅಂತೀರಿ. ಕಡ್ಲಿ ಏನ ಲಿಂಗಕ್ಕಿಂತ ದೊಡ್ಡದೇನ್ರಿ?" ಎಂದು ಕೇಳಿದೆ.

ಅತ್ತೆ "ಹುಟ್ಟಲಿಲ್ಲಂದ್ರ ನಿನ್ನ ಕೈ ಅಂತ ತಿಳಕೊ" ಎಂದರು.

"ಹುಟ್ಟಿದರೂ ನನ್ನ ಕೈ ಅಂತ ನೀವು ತಿಳಕೋರಿ" ಎಂದು ಬೋಗುಣಿ ಎತ್ತಿಕೊಂಡು ಹಿತ್ತಲಿಗಿಳಿದೆ. ಕಳೆ ತೆಗೆಯುವ ಕುರ್ಚಿಗೆಯಿಂದ ಸಾಲು ಗೀರಿ, ಗೇಣಿಗೊಂದು ಕಾಳು ಹಾಕಿ, ಮಣ್ಣು ಎಳೆದೆ. ಸೊಂಟ ಸಿಡಿಯುತ್ತಿತ್ತು. ಕೊನೆಯ ಸಾಲಿನವರೆಗೂ ಎದ್ದು ನಿಲ್ಲಲಿಲ್ಲ.

ಆಮೇಲೆ ನನಗೆ ಹೆದರಿಕೆ ಆಗಲಿಲ್ಲ ಎಂದರೆ ಸುಳ್ಳಾಗುತ್ತದೆ. ಬೀಜ ಹುಟ್ಟದಿರಲು ಸಾವಿರ ಕಾರಣ ಇರಬಹುದು, ನಮ್ಮ ಮನೆಯಲ್ಲಿ ಒಂದೇ ಕಾರಣ ಕಾದು ಕುಳಿತಿತ್ತು. ಬೆಳಿಗ್ಗೆ ಎದ್ದವಳೇ ಹಿತ್ತಲಿಗೆ ಓಡುತ್ತಿದ್ದೆ. ವಾರ ಕಳೆಯುವುದರೊಳಗೆ ಸಾಲುಸಾಲಾಗಿ ಹಸಿರು ಕಣ್ಣು ತೆರೆಯಿತು. ಬಚ್ಚಲ ಕಡೆಯ ಮೂಲೆ ಮಾತ್ರ ಬೋಳಾಗಿತ್ತು.

"ಬಾ ಇಲ್ಲಿ, ನೋಡು" ಎಂದು ಅತ್ತೆ ಕರೆದರು. ದನಿಯಲ್ಲಿ ಗೆದ್ದ ಖುಷಿ ಇತ್ತು. ನಾನು ಕುಳಿತು ಅಲ್ಲಿ ಕೆದಕಿದೆ. ಕಾಳು ಕೊಳೆತು ನಾರುತ್ತಿತ್ತು, ಕಳಿಯದ ಸಗಣಿಯಲ್ಲಿ ದಪ್ಪ ಗೊಣ್ಣೆಹುಳುಗಳು ಹೊರಳುತ್ತಿದ್ದವು. ಅಂಗೈಯಲ್ಲಿ ಹಿಡಿದು ಅವರ ಮುಂದೆ ಚಾಚಿದೆ.

"ಮುಟ್ಟಾದದ್ದು ನಾ. ಇಲ್ಲಿ ಉಣಿಸಿದವರು ನೀವ್ರಿ."

ಅತ್ತೆ ಸೆರಗನ್ನು ಬಾಯಿಗೆ ಅಡ್ಡ ಹಿಡಿದು ಒಳಗೆ ಹೋದರು. ಆ ವಿಷಯ ಮತ್ತೆ ಎತ್ತಲಿಲ್ಲ. ತಪ್ಪಾಯಿತು ಎಂದೂ ಅನ್ನಲಿಲ್ಲ. ನನಗೆ ಅದು ಬೇಕಿತ್ತು, ಇವತ್ತಿಗೂ ಬೇಕು.

ಮುಂದಿನ ತಿಂಗಳು ಕುಡಿ ಚಿವುಟುವ ಹೊತ್ತಿಗೆ ಸರಿಯಾಗಿ ಮತ್ತೆ ಮುಟ್ಟಾದೆ. ಕುಡಿ ಚಿವುಟಿದರೆ ಕಡಲೆ ಕವಲೊಡೆದು ಹೆಚ್ಚು ಕಾಯಿ ಹಿಡಿಯುತ್ತದೆ, ಹೂ ಬಿಟ್ಟ ಮೇಲೆ ಚಿವುಟುವಂತಿಲ್ಲ. ಯಾರನ್ನೂ ಕೇಳದೆ ಇಬ್ಬನಿಯಲ್ಲೇ ಇಳಿದೆ. ಎಲೆಯ ಹುಳಿ ತಾಗಿ ಬೆರಳ ಸಂದು ಚುರುಗುಟ್ಟಿತು. ಬೇಳೆ ಹಾಕಿ, ಬೆಳ್ಳುಳ್ಳಿ ಒಗ್ಗರಣೆ ಕೊಟ್ಟು ಪಲ್ಯ ಮಾಡಿ, ಬಿಸಿ ರೊಟ್ಟಿಯ ಜೊತೆ ಅತ್ತೆಗೆ ಬಡಿಸಿದೆ.

"ಹುಳಿ ಚಲೋ ಐತಿ" ಎಂದರು ಅತ್ತೆ. "ಯಾವಾಗ ಚಿವುಟಿದಿ?"

"ಈಗ ಮುಂಜಾನಿರಿ. ನಾ ಹೊರಗಾಗಿ ಎರಡನೇ ದಿನ."

ತುತ್ತು ಅರ್ಧದಲ್ಲೇ ನಿಂತಿತು. ಕೈ ತೊಳೆದು ಏಳುವುದಾದರೆ ನನ್ನ ಕಣ್ಣೆದುರೇ ಏಳಲಿ ಎಂದು ನಾನೂ ಅವರ ಮುಂದೆ ಕುಳಿತೆ. ಅವರು ತಾಟು ನೋಡಿದರು, ನನ್ನ ಬೆರಳು ನೋಡಿದರು. ಆಮೇಲೆ ಆ ತುತ್ತು ಬಾಯಿಗಿಟ್ಟುಕೊಂಡರು. ರೊಟ್ಟಿ ಪೂರಾ ಮುಗಿಸಿ, "ನಾಳೆ ಉಳಿದ ಸಾಲೂ ಚಿವುಟಿಬಿಡು" ಎಂದರು.

ಅಪ್ಪಣೆ ಕೊಡುವ ಧಾಟಿ. ನನಗೆ ತಡೆಯಲಾಗಲಿಲ್ಲ.

"ನೀವು ಹೇಳದಿದ್ದರೂ ಚಿವುಟುವಾಕಿನ ಇದ್ನಿರಿ."

"ಗೊತ್ತೈತಿ. ಅದಕ್ಕ ಹೇಳಿದೆ" ಎಂದು ಅತ್ತೆ ಇನ್ನಷ್ಟು ಪಲ್ಯಕ್ಕೆ ತಾಟು ಮುಂದೆ ಚಾಚಿದರು.